ಇನ್‌ಸ್ಟಾಲ್ ಆಲ್ ಒತ್ತುವ ಮುಂಚೆ

ಕಳೆದ ಶನಿವಾರ ಹೂಡೆಯ ಮನೆಗೆ ಹೋಗಿದ್ದೆ. ಚಾ ಕುಡಿದು ಬೀಚಿನ ಕಡೆ ಹೊರಡುವಷ್ಟರಲ್ಲಿ ಪಕ್ಕದ ಮನೆಯ ಹುಡುಗಿ ಲ್ಯಾಪ್‌ಟಾಪ್ ಹಿಡ್ಕೊಂಡು ಬಂದಳು. "ಅಣ್ಣ, ಫಾರ್ಮ್ಯಾಟ್ ಮಾಡಿದ ಮೇಲೆ ವೈಫೈ ಐಕಾನೇ ಇಲ್ಲ. ಸೋಮವಾರ ಆನ್‌ಲೈನ್ ಇಂಟರ್‌ವ್ಯೂ ಉಂಟು. ಎಂತ ಮಾಡುದು?"

ಗೆಳತಿಯೊಬ್ಬಳು ಕೊಟ್ಟ ಪೆನ್‌ಡ್ರೈವೂ ಕೈಯಲ್ಲಿತ್ತು. ಅದರೊಳಗೆ ಆಫ್‌ಲೈನ್ ಡ್ರೈವರ್ ಪ್ಯಾಕ್. ತೆರೆದರೆ ದೊಡ್ಡದೊಂದು ಬಟನ್: ಇನ್‌ಸ್ಟಾಲ್ ಆಲ್.

ಒತ್ತಬೇಡ ಮಾರಾಯ್ತಿ ಅಂದೆ. ಹಾಸ್ಟೆಲಿನಲ್ಲಿದ್ದಾಗ ನಾನೂ ಅಂಥದ್ದೇ ಬಟನ್ ಒತ್ತಿದವನು. ಇಪ್ಪತ್ತಕ್ಕೂ ಹೆಚ್ಚು ಡ್ರೈವರ್ ಒಟ್ಟಿಗೇ ಕೂತವು, ಜೊತೆಗೆ ಯಾರೂ ಕೇಳದ ಒಂದು ಬ್ರೌಸರ್ರೂ. ರಿಸ್ಟಾರ್ಟ್ ಆದಾಗ ನೀಲಿ ಪರದೆ. ಪ್ರಾಜೆಕ್ಟ್ ರಿಪೋರ್ಟ್ ಮತ್ತೆ ಮೊದಲಿಂದ ಬರೆದೆ.

ಡ್ರೈವರ್ ಅಂದ್ರೆ ಮಾಮೂಲಿ ಆ್ಯಪ್ ಅಲ್ಲ. ಹೆಚ್ಚಿನವು ವಿಂಡೋಸ್‌ನ ಕರ್ನಲ್‌ನಲ್ಲೇ ಓಡುತ್ತವೆ. ಅಲ್ಲಿ ಒಂದು ಎಡವಿದರೆ ಇಡೀ ಕಂಪ್ಯೂಟರ್ ಬೀಳುತ್ತೆ. 2024ರ ಜುಲೈ 19ರಂದು ಕ್ರೌಡ್‌ಸ್ಟ್ರೈಕ್‌ನ ದೋಷವಿದ್ದ ಅಪ್‌ಡೇಟ್ ಓದಿದ ಡ್ರೈವರ್ ಹೀಗೇ ಎಡವಿತು. ಮೈಕ್ರೋಸಾಫ್ಟ್ ಅಂದಾಜಿನ ಪ್ರಕಾರ 85 ಲಕ್ಷ ಕಂಪ್ಯೂಟರ್‌ಗಳಿಗೆ ಪೆಟ್ಟು. ನಮ್ಮ ದೇಶದಲ್ಲೂ ಬೋರ್ಡಿಂಗ್ ಪಾಸ್ ಕೈಯಲ್ಲಿ ಬರೆದು ಕೊಟ್ಟಿದ್ದರು.

ಹುಡುಗಿಗೆ ಬೇಕಿದ್ದದ್ದು ಒಂದೇ ಒಂದು ಡ್ರೈವರ್. ಅವಳ ಆಂಡ್ರಾಯ್ಡ್ ಫೋನನ್ನು ಚಾರ್ಜಿಂಗ್ ಕೇಬಲಿನಲ್ಲಿ ಲ್ಯಾಪ್‌ಟಾಪಿಗೆ ಜೋಡಿಸಿ, ಯುಎಸ್‌ಬಿ ಟೆದರಿಂಗ್ ಆನ್ ಮಾಡಿದೆ. ನೆಟ್ ಬಂತು! ಇದಕ್ಕೆ ವೈಫೈ ಡ್ರೈವರ್ ಬೇಡ. (ಡೇಟಾ ಪ್ಯಾಕ್ ಮಾತ್ರ ನೋಡ್ಕೊಳ್ಳಿ.) ಆಮೇಲೆ ವಿಂಡೋಸ್ ಅಪ್‌ಡೇಟ್‌ನ ಅಡ್ವಾನ್ಸ್ಡ್ ಆಪ್ಷನ್ಸ್, ಅದರೊಳಗೆ ಆಪ್ಷನಲ್ ಅಪ್‌ಡೇಟ್ಸ್. ವೈಫೈ ಡ್ರೈವರ್ ಅಲ್ಲೇ ಸಿಕ್ಕಿತು. ಸಿಗದಿದ್ದರೆ ಲ್ಯಾಪ್‌ಟಾಪ್ ಕಂಪನಿಯ ಸಪೋರ್ಟ್ ಪೇಜಿನಲ್ಲಿ ಮಾಡೆಲ್ ಹಾಕಿ ಹುಡುಕಬೇಕಿತ್ತು.

ಹಾಗಂತ ಆಫ್‌ಲೈನ್ ಟೂಲ್ ಬೇಡವೇ ಬೇಡ ಅಂತಲ್ಲ. ನೆಟ್ ಇಲ್ಲದ ಲ್ಯಾಬಿನಲ್ಲಿ ಬಗೆಬಗೆಯ ಹಳೆ ಕಂಪ್ಯೂಟರ್‌ಗಳಿದ್ದರೆ ನಾನೂ ಸ್ನ್ಯಾಪಿ ಡ್ರೈವರ್ ಇನ್‌ಸ್ಟಾಲರ್ ಒರಿಜಿನ್ ಬಳಸುತ್ತೇನೆ. ಅದು ಓಪನ್ ಸೋರ್ಸ್. ಪೂರ್ತಿ ಪ್ಯಾಕ್ ಹತ್ತಾರು ಜಿಬಿ ಇದೆ, ಆದ್ದರಿಂದ ಅದರದೇ ಸೈಟಿನಿಂದ ಮೊದಲೇ ಇಳಿಸಿಟ್ಟಿರಬೇಕು; ಯಾರದೋ ಪೆನ್‌ಡ್ರೈವಿನ ಕಾಪಿ ಬೇಡ. ಮೊದಲು ರಿಸ್ಟೋರ್ ಪಾಯಿಂಟ್ ಮಾಡ್ತೇನೆ. ಎಷ್ಟೋ ಲ್ಯಾಪ್‌ಟಾಪ್‌ಗಳಲ್ಲಿ ಸಿಸ್ಟಮ್ ಪ್ರೊಟೆಕ್ಷನ್ ಆಫ್ ಆಗಿರುತ್ತೆ, ಅದನ್ನೂ ನೋಡಬೇಕು. ನಂತರ ಡಿವೈಸ್ ಮ್ಯಾನೇಜರಿನಲ್ಲಿ ಹಳದಿ ಗುರುತಿರುವ ಸಾಧನಕ್ಕೆ ಮಾತ್ರ ಟಿಕ್. ಸರಿಯಾಗಿ ನಡೀತಿರುವುದಕ್ಕೆ "ಹೊಸ ವರ್ಷನ್ ಇದೆ" ಅಂದರೂ ಮುಟ್ಟುವುದಿಲ್ಲ.

ಇಷ್ಟಕ್ಕೂ ಒಳ್ಳೆಯ ಆಫ್‌ಲೈನ್ ಪ್ಯಾಕ್ ಫಾರ್ಮ್ಯಾಟ್ ಮಾಡುವ ಮೊದಲು ಅವಳ ಲ್ಯಾಪ್‌ಟಾಪಿನಲ್ಲೇ ಇತ್ತು. ವಿಂಡೋಸ್‌ನೊಳಗಿನ ಪಿಎನ್‌ಪಿಯುಟಿಲ್‌ಗೆ ಎಕ್ಸ್‌ಪೋರ್ಟ್ ಡ್ರೈವರ್ ಆಜ್ಞೆ ಕೊಟ್ಟರೆ, ಬೇರೆ ಕಂಪನಿಗಳಿಂದ ಬಂದು ಕೂತ ಡ್ರೈವರ್‌ಗಳೆಲ್ಲ ಒಂದು ಫೋಲ್ಡರಿಗೆ ಕಾಪಿ ಆಗುತ್ತವೆ. ಮುಂದೆ ಬೇಕಾದಾಗ ಡಿವೈಸ್ ಮ್ಯಾನೇಜರಿನ ಅಪ್‌ಡೇಟ್ ಡ್ರೈವರ್‌ಗೆ ಆ ಫೋಲ್ಡರ್ ತೋರಿಸಿದರಾಯ್ತು. ಈ ಸಲ ಅದನ್ನೂ ಮಾಡಿ, ಅವಳದೇ ಪೆನ್‌ಡ್ರೈವಿಗೆ ಹಾಕಿ ಕೊಟ್ಟೆ.

ಸೋಮವಾರ ಮೆಸೇಜ್ ಬಂತು: "ಕ್ಯಾಮೆರಾ, ಮೈಕ್ ಎಲ್ಲ ಸರಿ ಇತ್ತು ಅಣ್ಣ." ರಿಸಲ್ಟ್ ಇನ್ನೂ ಬಂದಿಲ್ಲ.