ಪೈಪಿಗೆ ಎರಡು ತುದಿ ಇರುತ್ತೆ

ಈ ಸೆಮ್‌ನಲ್ಲಿ ನಮಗೆ ಫ್ಲೂಯಿಡ್ ಮೆಕ್ಯಾನಿಕ್ಸ್ ಇದೆ. ಪೈಪ್ ಒಳಗಿನ ಪ್ರೆಷರ್ ಲೆಕ್ಕ ಹಾಕಿ ಹಾಕಿ ತಲೆ ಕೆಟ್ಟಿದೆ. ಆದ್ರೆ ಪೈಪಿನ ಎರಡು ತುದಿಯಲ್ಲಿ ಯಾರಿದ್ದಾರೆ ಅಂತ ಟೆಕ್ಸ್ಟ್‌ಬುಕ್ ಹೇಳಲ್ಲ. ಮೊನ್ನೆ ಮೆಸ್‌ನಲ್ಲಿ ಊಟ ಮಾಡ್ತಾ ಒಬ್ಬ ಫ್ರೆಂಡ್ ಹೇಳಿದ: "ರಷ್ಯಾ ವಾಲ್ವ್ ತಿರುಗಿಸಿದ್ರೆ ಇಡೀ ಯುರೋಪ್ ನಡುಗುತ್ತೆ ಮಗಾ. ಪವರ್ ಅಂದ್ರೆ ಅದು!" ಎಲ್ಲರೂ ಹೌದು ಅಂದ್ವಿ, ನಾನೂ ಅಂದೆ. ಆಮೇಲೆ ಸ್ವಲ್ಪ ಓದಿದೆ. ಈಗ ನನಗೆ ಹಾಗನ್ನಿಸಲ್ಲ.

ಮೊದಲು ಅವನ ಮಾತಿನಲ್ಲಿ ಸರಿ ಇರೋದನ್ನ ಒಪ್ಪಿಕೊಳ್ತೀನಿ. 2009ರ ಜನವರಿಯಲ್ಲಿ ರಷ್ಯಾದ ಗ್ಯಾಜ್‌ಪ್ರಾಮ್ ಕಂಪನಿಗೂ ಉಕ್ರೇನಿಗೂ ಬೆಲೆ ಮತ್ತು ಬಾಕಿ ವಿಷಯಕ್ಕೆ ಜಗಳ ಆಯ್ತು. ಸುಮಾರು ಎರಡು ವಾರ ಉಕ್ರೇನ್ ಮೂಲಕ ಯುರೋಪಿಗೆ ಗ್ಯಾಸ್ ಹೋಗಲಿಲ್ಲ. ಕೊರೆಯುವ ಚಳಿಯಲ್ಲಿ ಬಲ್ಗೇರಿಯಾದಂಥ ದೇಶಗಳು ಒದ್ದಾಡಿದವು. ಇದರಿಂದ ಜರ್ಮನಿ ಕಲಿತದ್ದೇನು? ಉಕ್ರೇನನ್ನು ಬಿಟ್ಟು, ಬಾಲ್ಟಿಕ್ ಸಮುದ್ರದ ತಳದಲ್ಲಿ 1,224 ಕಿ.ಮೀ. ಉದ್ದದ ನಾರ್ಡ್ ಸ್ಟ್ರೀಮ್ ಮೂಲಕ 2011ರಿಂದ ಗ್ಯಾಸ್ ತರಿಸಿಕೊಂಡಿತು. ಕೊಂಕಣ ಸುತ್ತಿ ಮೈಲಾರಕ್ಕೆ ಬಂದ ಹಾಗೆ. ದಾರಿ ಬದಲಾಯ್ತು, ಮಾರುವವನು ಅವನೇ. ಯುದ್ಧಕ್ಕೆ ಮುಂಚೆ ಜರ್ಮನಿ ಆಮದು ಮಾಡ್ತಿದ್ದ ಗ್ಯಾಸ್‌ನಲ್ಲಿ ಅರ್ಧಕ್ಕಿಂತ ಹೆಚ್ಚು ರಷ್ಯಾದ್ದೇ. ಜುಟ್ಟನ್ನು ತಾನೇ ಕೈಗೆ ಕೊಟ್ಟಂತಾಯ್ತು.

2022ರ ಫೆಬ್ರವರಿ 24ಕ್ಕೆ ಉಕ್ರೇನ್ ಮೇಲೆ ಪೂರ್ಣ ಪ್ರಮಾಣದ ದಾಳಿ ಶುರುವಾಯ್ತು. ಜೂನ್‌ನಲ್ಲಿ ನಾರ್ಡ್ ಸ್ಟ್ರೀಮ್ ಹರಿವು ಶೇ. 40ಕ್ಕೆ, ಜುಲೈನಲ್ಲಿ ಶೇ. 20ಕ್ಕೆ ಇಳಿಯಿತು. ರಷ್ಯಾ ಕೊಟ್ಟ ಕಾರಣ, ಟರ್ಬೈನ್ ರಿಪೇರಿ! ಆಗಸ್ಟ್ ಕೊನೆಗೆ ಪೂರ್ತಿ ನಿಂತಿತು. ಗ್ಯಾಸ್ ಬೆಲೆ ಒಂದು ಮೆಗಾವ್ಯಾಟ್ ಅವರ್‌ಗೆ 300 ಯೂರೋ ದಾಟಿತ್ತು. ಫ್ರೆಂಡ್ ಕಥೆ ಇಲ್ಲಿಗೆ ಮುಗಿಯುತ್ತೆ.

ನಿಜವಾದ ಕಥೆ ಮುಗಿಯಲ್ಲ. ಅದೇ ಡಿಸೆಂಬರ್‌ನಲ್ಲಿ ಜರ್ಮನಿ ವಿಲ್ಹೆಲ್ಮ್ಸ್‌ಹಾಫೆನ್‌ನಲ್ಲಿ ತೇಲುವ ಎಲ್‌ಎನ್‌ಜಿ ಟರ್ಮಿನಲ್ ಶುರು ಮಾಡಿತು. ಗ್ಯಾಸನ್ನು ಮೈನಸ್ 162 ಡಿಗ್ರಿಗೆ ತಣ್ಣಗೆ ಮಾಡಿದ್ರೆ ಅದು ದ್ರವವಾಗಿ, ಗಾತ್ರ ಸುಮಾರು 600 ಪಟ್ಟು ಕಡಿಮೆಯಾಗುತ್ತೆ. ಆಗ ಹಡಗಲ್ಲಿ ಯಾವ ದೇಶದಿಂದ ಬೇಕಾದ್ರೂ ತರಬಹುದು. ಖರ್ಚು ಜಾಸ್ತಿ, ಕಾರ್ಖಾನೆಗಳಿಗೆ ಪೆಟ್ಟೂ ಬಿತ್ತು. ಆದ್ರೂ ಯುರೋಪ್ ಆ ಚಳಿಗಾಲ ದಾಟಿತು.

ಪೈಪಿನ ಇನ್ನೊಂದು ತುದಿಯಲ್ಲಿ ಏನಾಯ್ತು? ಯುರೋಪಿಗೆ ಹೋಗ್ತಿದ್ದ ಗ್ಯಾಸ್ ಪಶ್ಚಿಮ ಸೈಬೀರಿಯಾದ್ದು. ಚೀನಾಕ್ಕೆ 2019ರಲ್ಲಿ ಶುರುವಾದ 'ಪವರ್ ಆಫ್ ಸೈಬೀರಿಯಾ' ಪೈಪಿಗೆ ಗ್ಯಾಸ್ ಬರೋದು ಪೂರ್ವ ಸೈಬೀರಿಯಾದಿಂದ. ಎರಡಕ್ಕೂ ಲಿಂಕ್ ಇಲ್ಲ. ಯುರೋಪ್ ಬೇಡ ಅಂದ ಗ್ಯಾಸನ್ನು ಚೀನಾ ಕಡೆ ತಿರುಗಿಸೋಕೆ ಆಗಲ್ಲ. ಎರಡನೇ ಪೈಪಿಗೆ ವರ್ಷಗಟ್ಟಲೆ ಮಾತುಕತೆ ನಡೆದಿದೆ. ಮಾರುವವನಿಗೆ ಬೇರೆ ಗಿರಾಕಿ ಇಲ್ಲ ಅಂತ ಗೊತ್ತಿರೋ ಚೀನಾ ಬೆಲೆಗೆ ಚೌಕಾಸಿ ಮಾಡದೇ ಬಿಡುತ್ತಾ? 2023ರಲ್ಲಿ ಗ್ಯಾಜ್‌ಪ್ರಾಮ್ 629 ಬಿಲಿಯನ್ ರೂಬಲ್ ನಷ್ಟ ತೋರಿಸಿತು. 1999ರ ನಂತರ ಇದೇ ಮೊದಲ ವಾರ್ಷಿಕ ನಷ್ಟ.

ಈಗ ನಮ್ಮ ವಿಷಯ. 2022ಕ್ಕೆ ಮುಂಚೆ ಭಾರತದ ಕಚ್ಚಾ ತೈಲದ ಆಮದಿನಲ್ಲಿ ರಷ್ಯಾ ಪಾಲು ಶೇ. 2 ಕೂಡ ಇರಲಿಲ್ಲ. 2023ರಲ್ಲಿ ಮೂರನೇ ಒಂದು ಭಾಗ ದಾಟಿತು. ನಮ್ಮ ಮಂಗಳೂರಿನ ರಿಫೈನರಿಗೂ ಬಂದಿದೆ. ಅಗ್ಗದ ಎಣ್ಣೆ ತಗೊಂಡಿದ್ದು ತಪ್ಪು ಅಂತ ನಾನು ಹೇಳಲ್ಲ. ನಾವು ಬಳಸೋ ಎಣ್ಣೆಯಲ್ಲಿ ಬಹುಪಾಲು ಹೊರಗಿಂದಲೇ ಬರಬೇಕು. ಅದೂ ಅಲ್ಲದೆ ಇದು ಹಡಗಲ್ಲಿ ಬರುತ್ತೆ, ಬೇಡ ಅಂದ್ರೆ ಬೇರೆ ಕಡೆಯಿಂದ ತರಿಸಬಹುದು. ಆದ್ರೆ ಡಿಸ್ಕೌಂಟನ್ನು 'ದೋಸ್ತಿ' ಅಂತ ಕರೆಯೋದು ಬೇಡ. ಯುರೋಪ್ ಬಾಗಿಲು ಮುಚ್ಚಿದ್ದಕ್ಕೆ ನಮಗೆ ಅಗ್ಗವಾಗಿ ಸಿಕ್ಕಿತು, ಅಷ್ಟೇ. ಜರ್ಮನಿಯವರೂ ಅಗ್ಗದ ಗ್ಯಾಸನ್ನು ಸ್ನೇಹ ಅಂತಲೇ ನಂಬಿದ್ದರು.

ಇನ್ನೊಂದು ಮಾತು. ಆ ದುಡ್ಡು ಯುದ್ಧಕ್ಕೂ ಹೋಗುತ್ತೆ. 2022ರ ಮಾರ್ಚ್‌ನಲ್ಲಿ ಖಾರ್ಕಿವ್‌ನಲ್ಲಿ ದಾಳಿಗೆ ಬಲಿಯಾದವರಲ್ಲಿ ಕರ್ನಾಟಕದ ಒಬ್ಬ ಮೆಡಿಕಲ್ ವಿದ್ಯಾರ್ಥಿಯೂ ಇದ್ದ. ನಾನಾಗ ಸ್ಕೂಲಲ್ಲಿದ್ದೆ, ಟಿವಿಯಲ್ಲಿ ನೋಡಿದ್ದು ನೆನಪಿದೆ. ಕೊಳ್ಳಬೇಕೋ ಬೇಡವೋ ಅನ್ನೋದಕ್ಕೆ ನನ್ನ ಹತ್ರ ಸುಲಭದ ಉತ್ತರ ಇಲ್ಲ. ಆದ್ರೆ ಲೆಕ್ಕ ಹಾಕುವಾಗ ಆ ಹುಡುಗನನ್ನ ಬಿಟ್ಟು ಲೆಕ್ಕ ಹಾಕೋದು ಸರಿಯಲ್ಲ ಅನ್ಸುತ್ತೆ.

ಮೆಸ್‌ನ ಫ್ರೆಂಡ್ ಇದನ್ನ ಓದ್ತಾನೆ ಅಂತ ಗೊತ್ತು. ಒಪ್ಪಲ್ಲ ಅಂದ್ರೆ ಮುಂದಿನ ಸಂಚಿಕೆಗೆ ಬರಿ ಮಗಾ, ಕಾಯ್ತೀನಿ.