ಮಲಯ ಭಾಷೆಯ ಚಿತ್ರಕಥೆಗಳೂ ಪಂಡಿತರ ತಿರಸ್ಕಾರವೂ

ಚಿತ್ರಕಥೆಯೆಂಬುದು ಬಾಲಕರ ಆಟಿಕೆ, ಸಾಹಿತ್ಯದ ಪಂಕ್ತಿಯಲ್ಲಿ ಅದಕ್ಕೆ ಎಲೆ ಹಾಕತಕ್ಕದ್ದಲ್ಲ ಎಂದು ತೀರ್ಪು ಕೊಡುವ ಪಂಡಿತರು ಎಲ್ಲ ದೇಶಗಳಲ್ಲಿಯೂ ಉಂಟು. ಈ ತೀರ್ಪಿನ ಬಲಾಬಲವನ್ನು ಪರೀಕ್ಷಿಸುವುದಕ್ಕೆ ಮಲಯ ಭಾಷೆಯ ನಿದರ್ಶನವೊಂದೇ ಸಾಕು. ಆ ಭಾಷೆ ಕನ್ನಡಿಗರಿಗೆ ತೀರ ಅಪರಿಚಿತವೂ ಅಲ್ಲ. ಭಾಷೆಯನ್ನು ‘ಬಹಾಸ’ ಎಂದೂ, ಕಥೆಯನ್ನು ‘ಚೆರಿತ’ ಎಂದೂ, ಕುಟುಂಬವನ್ನು ‘ಕೆಲುವಾರ್ಗ’ ಎಂದೂ ಕರೆಯುವ ಆ ಜನರ ಬಾಯಲ್ಲಿ ಭಾಷಾ, ಚರಿತ, ಕುಲವರ್ಗ ಎಂಬ ಸಂಸ್ಕೃತ ಶಬ್ದಗಳು ಇಂದಿಗೂ ಜೀವದಿಂದಿವೆ.

ಚಿತ್ರಗಳಿಂದ ಓದುವ ಅಭ್ಯಾಸ ಕೆಡುವುದೆಂಬುದು ಪಂಡಿತರ ಮೊದಲನೆಯ ಆಕ್ಷೇಪ. ಇತಿಹಾಸ ಇದಕ್ಕೆ ವಿರುದ್ಧವಾಗಿ ಸಾಕ್ಷಿ ನುಡಿಯುತ್ತದೆ. 1939ರಲ್ಲಿ ಸಿಂಗಾಪುರದಿಂದ ಹೊರಟ ‘ಉತುಸಾನ್ ಜಮಾನ್’ ಎಂಬ ವಾರಪತ್ರಿಕೆ ಅರಬ್ಬೀ ಮೂಲದ ಜಾವಿ ಲಿಪಿಯಲ್ಲಿ ಅಚ್ಚಾಗುತ್ತಿತ್ತು. ಸಂಪಾದಕರಾದ ಅಬ್ದುಲ್ ರಹೀಂ ಕಜಾಯಿಯವರು ಕಲ್ಪಿಸಿ, ಅಲಿ ಸನತ್ ಎಂಬ ಕಲಾವಿದರು ಬರೆದ ‘ವಾಕ್ ಕೆಟೊಕ್’ ಎಂಬ ವಿನೋದಪುರುಷನು ಆ ಪತ್ರಿಕೆಯಲ್ಲಿ ಕಾಣಿಸಿಕೊಂಡನು. ಸ್ವಜನರ ಆಲಸ್ಯವನ್ನೂ ಪರಾನುಕರಣವನ್ನೂ ಹಂಗಿಸುವುದು ಅವನ ಕೆಲಸ. ದೀರ್ಘವಾದ ಸಂಪಾದಕೀಯವನ್ನು ಓದುವ ತಾಳ್ಮೆಯಿಲ್ಲದವನನ್ನು ಪತ್ರಿಕೆಯ ಬಾಗಿಲಿಗೆ ಕರೆತಂದು ನಿಲ್ಲಿಸಿದ್ದು ಇಂತಹ ರೇಖೆಯೇ ಅಲ್ಲವೆ? ಅರಬ್ ಮತ್ತು ಭಾರತೀಯ ಮೂಲದ ಮುಸಲ್ಮಾನರನ್ನೂ ವಾಕ್ ಕೆಟೊಕ್ ಕಟಕಿಯಾಡಿದ್ದನೆಂಬುದನ್ನು ಮರೆಮಾಚಬೇಕಾಗಿಲ್ಲ. ಅದು ದೋಷವೇ ಸರಿ. ಆದರೆ ಗದ್ಯದಲ್ಲಿ ದ್ವೇಷವಿದ್ದರೆ ಗದ್ಯವನ್ನೇ ಬಹಿಷ್ಕರಿಸುವರೆ?

ಇದು ಪರದೇಶದ ಎರವಲೆಂಬುದು ಎರಡನೆಯ ಆಕ್ಷೇಪ. 1978ರಲ್ಲಿ ಕೌಲಾಲಂಪುರದಲ್ಲಿ ಆರಂಭವಾದ ‘ಗೀಲಾ-ಗೀಲಾ’ ಪತ್ರಿಕೆ ಅಮೆರಿಕದ ‘ಮ್ಯಾಡ್’ ಪತ್ರಿಕೆಯ ಮಾದರಿಯನ್ನು ಅನುಸರಿಸಿದ್ದು ನಿಜ. ಎರಡು ಹೆಸರುಗಳಿಗೂ ಹುಚ್ಚೆಂದೇ ಅರ್ಥ. ಆದರೆ ಪಾತ್ರೆ ಎರವಲಾದ ಮಾತ್ರಕ್ಕೆ ಅನ್ನವೂ ಎರವಲಾಗುವುದಿಲ್ಲ. ಅಲ್ಲಿ ಬರೆದ ರೆಜಾಬ್‌ಹಾದ್ (1939–2002) ಅವರನ್ನು ಸಹೋದ್ಯೋಗಿಗಳು ವ್ಯಂಗ್ಯಚಿತ್ರಕಾರರ ‘ಪೆಂಗುಲು’, ಅಂದರೆ ಊರ ಪಟೇಲ, ಎಂದು ಗೌರವಿಸಿದರು. ಲಾತ್ ಎಂದು ಲೋಕಪ್ರಸಿದ್ಧರಾದ ಮೊಹಮ್ಮದ್ ನೂರ್ ಖಾಲಿದ್ ಅವರು 1968ರಿಂದ ಕಾಲು ಶತಮಾನದಷ್ಟು ಕಾಲ ‘ಬೆರಿತಾ ಮಿಂಗ್ಗು’ ಪತ್ರಿಕೆಯಲ್ಲಿ ‘ಕೆಲುವಾರ್ಗ ಸಿ ಮಾಮತ್’ ಎಂಬ ಒಂದು ಸಂಸಾರದ ಕಥೆಯನ್ನು ಬರೆದರು. 1979ರಲ್ಲಿ ಪ್ರಕಟವಾದ ಅವರ ‘ಕಂಪುಂಗ್ ಬಾಯ್’ ಮೂಲತಃ ಇಂಗ್ಲಿಷಿನಲ್ಲಿದ್ದರೂ ಅದರ ಜೀವವೆಲ್ಲ ಪೆರಾಕ್ ಪ್ರಾಂತದ ಹಳ್ಳಿಯದೇ. ಮಲಯದ ಸೋದರಿಯಾದ ಇಂಡೊನೇಷಿಯದ ಭಾಷೆಯಲ್ಲಿ ಆರ್. ಎ. ಕೊಸಾಸಿಯವರು 1950ರ ದಶಕದಲ್ಲಿ ಅಮೆರಿಕದ ವೀರನಾರಿಯ ಮಾದರಿಯಲ್ಲಿ ‘ಶ್ರೀ ಆಸಿ’ಯನ್ನು ಬರೆದು, ಚಿತ್ರಕಥೆಗಳು ಪರಕೀಯವೆಂಬ ಕೂಗೆದ್ದಾಗ ಅದೇ ದಶಕದಲ್ಲಿ ಮಹಾಭಾರತವನ್ನು ಚಿತ್ರಕಥೆಯಾಗಿಸಿದರು. ವ್ಯಾಸರ ಕಥೆಯನ್ನು ಎಳೆಯರ ಕೈಗೆ ಮುಟ್ಟಿಸಿದ ಈ ಸೇವೆಯನ್ನು ಕನ್ನಡದ ಯಾವ ವಿದ್ವಾಂಸನು ಹೀನವೆಂದು ಹೇಳಬಲ್ಲನು?

ಹಾಸ್ಯವು ನೀಚವಸ್ತುವೆಂಬುದು ಮೂರನೆಯ ಆಕ್ಷೇಪ. ಹಾಗೆನ್ನುವವರು ನಾಟ್ಯಶಾಸ್ತ್ರವನ್ನು ಇನ್ನೊಮ್ಮೆ ತೆರೆದು ನೋಡುವುದೊಳಿತು. ಭರತಮುನಿಯು ಪ್ರಹಸನವನ್ನು ದಶರೂಪಕಗಳಲ್ಲಿ ಎಣಿಸಿದ್ದಾನೆ. ವಿಕೃತವಾದ ವೇಷಾಲಂಕಾರಗಳನ್ನು ಹಾಸ್ಯರಸಕ್ಕೆ ವಿಭಾವಗಳೆಂದು ಹೇಳಿದ್ದಾನೆ. ರಂಗದ ಮೇಲೆ ಸಲ್ಲುವುದು ಕಾಗದದ ಮೇಲೆ ಸಲ್ಲದೆ?

ಈ ತಿರಸ್ಕಾರದಿಂದ ಆಗುವ ಹಾನಿ ಪಾಂಡಿತ್ಯದ ಜಗಲಿಯಲ್ಲಿಯೇ ನಿಲ್ಲುವುದಿಲ್ಲ. ಮಲೇಷ್ಯದ 1984ರ ಮುದ್ರಣ ಶಾಸನವು ಪತ್ರಿಕೆಗಳಿಗೆ ವರ್ಷವರ್ಷವೂ ಪರವಾನಗಿಯನ್ನು ನವೀಕರಿಸಿಕೊಳ್ಳುವ ಕಟ್ಟಳೆಯನ್ನು ವಿಧಿಸಿತ್ತು. 2012ರಲ್ಲಿ ಮಾತ್ರ ವಾರ್ಷಿಕ ನವೀಕರಣವು ರದ್ದಾಯಿತು. ‘ಗೀಲಾ-ಗೀಲಾ’ದಲ್ಲಿ ಬೆಳೆದ ಜುನಾರ್ ಎಂಬ ವ್ಯಂಗ್ಯಚಿತ್ರಕಾರರು 2009ರಲ್ಲಿ ಹೊರತಂದ ‘ಗೆಡುಂಗ್ ಕಾರ್ತುನ್’ ಪತ್ರಿಕೆಯ ಪ್ರತಿಗಳನ್ನು ಅಧಿಕಾರಿಗಳು ಹಿಡಿದೊಯ್ದರು. 2010ರಲ್ಲಿ ಅವರ ಪುಸ್ತಕಗಳಿಗೆ ನಿಷೇಧ ಬಿದ್ದಿತು. 2015ರಲ್ಲಿ ಟ್ವಿಟರಿನ ಟೀಕೆಗಳಿಗಾಗಿ ಅವರ ಮೇಲೆ ಒಂಬತ್ತು ರಾಜದ್ರೋಹದ ಆರೋಪಗಳು ಬಂದವು. ಸರಕಾರ ಬದಲಾದ ಮೇಲೆ 2018ರಲ್ಲಿ ಅವು ಹಿಂದಕ್ಕೆ ಹೋದವು. ಚಿತ್ರಕಥೆಯು ನಿಜವಾಗಿಯೂ ಬಾಲಕರ ಆಟಿಕೆಯಾಗಿದ್ದರೆ ಪ್ರಭುಗಳು ಅದಕ್ಕೆ ಇಷ್ಟು ಅಂಜಬೇಕಾದುದೇನಿತ್ತು? ರೇಖೆಯ ಬಲವನ್ನು ಪೋಲೀಸರು ಅರಿತಷ್ಟು ಪಂಡಿತರು ಅರಿಯಲಿಲ್ಲವೆಂದೇ ಹೇಳಬೇಕಾಗುವುದು. ವಿದ್ವಾಂಸರು ಕಸವೆಂದು ಹೊರಗಿಟ್ಟುದನ್ನು ಅಧಿಕಾರಿಗಳು ಕಸವೆಂದೇ ಗುಡಿಸಿಕೊಂಡು ಹೋದರೆ ತಡೆಯುವವರಾರು?

ಆದುದರಿಂದ ಸಾಹಿತ್ಯಚರಿತ್ರೆಯನ್ನು ಬರೆಯುವವರು ವಾಕ್ ಕೆಟೊಕ್‌ಗೂ ಮಾಮತನ ಸಂಸಾರಕ್ಕೂ ಅಧ್ಯಾಯವನ್ನು ಮೀಸಲಿಡಲಿ. ಗ್ರಂಥಾಲಯಗಳು ಹಳೆಯ ಸಂಚಿಕೆಗಳನ್ನು ರದ್ದಿಗೆ ಹಾಕದೆ ರಟ್ಟು ಕಟ್ಟಿಸಿ ಇಡಲಿ. ಒಂದು ಜನಾಂಗವು ತನ್ನನ್ನು ನೋಡಿ ತಾನೇ ನಗುವುದನ್ನು ಕಲಿತ ದಾಖಲೆ ಅಲ್ಲಿದೆ. ಅದು ಒಮ್ಮೆ ಕಳೆದುಹೋದರೆ ಯಾವ ಪಂಡಿತನ ವ್ಯಾಖ್ಯಾನವೂ ಅದನ್ನು ಮರಳಿ ತರಲಾರದು.