ಟರ್ಕಿಯ ತರಗತಿಯೊಳಗೆ ಕ್ಯಾಮೆರಾ: ಕುರ್ದಿಷ್ ಮಕ್ಕಳ ಮೌನ

2008ರ ಸಾಕ್ಷ್ಯಚಿತ್ರ ‘ಇಕಿ ದಿಲ್ ಬಿರ್ ಬಾವುಲ್’, ಅಂದರೆ ‘ಎರಡು ಭಾಷೆ, ಒಂದು ಸೂಟ್‌ಕೇಸ್’, ಘೋಷಣೆ ಕೂಗುವುದಿಲ್ಲ. ಕುರ್ದಿಷ್ ಹಳ್ಳಿಗೆ ಬಂದ ಯುವ ಶಿಕ್ಷಕನಿಗೆ ಟರ್ಕಿಶ್ ಮಾತ್ರ ಗೊತ್ತು. ಮೊದಲ ತರಗತಿಯ ಮಕ್ಕಳಿಗೆ ಅದೇ ಗೊತ್ತಿಲ್ಲ. ನಿರ್ದೇಶಕರಾದ ಓರ್ಹಾನ್ ಎಸ್ಕಿಕೋಯ್, ಓಜ್ಗುರ್ ದೋಗಾನ್ ಒಂದು ಶಾಲಾ ವರ್ಷ ಸುಮ್ಮನೆ ನೋಡಿದರು. ಶಿಕ್ಷಕ ಖಳನಾಯಕನಲ್ಲ, ಪಾಪ; ಅಮ್ಮನಿಗೆ ಫೋನ್ ಮಾಡಿ ಗೋಳು ಹೇಳಿಕೊಳ್ಳುತ್ತಾನೆ. ಹಾಗಾಗಿಯೇ ನಮ್ಮ ಸಿಟ್ಟು ವ್ಯವಸ್ಥೆಯತ್ತ ತಿರುಗುತ್ತದೆ.

2012ರಲ್ಲಿ ಕುರ್ದಿಷ್ ಐಚ್ಛಿಕ ವಿಷಯವಾಯಿತು. ಅದು ಚಿತ್ರದ ಗೆಲುವು ಎನ್ನಲಾಗದು. ಸಿಕ್ಕಿದ್ದು ಐದನೇ ತರಗತಿಯಿಂದ. ಚಿತ್ರ ತೋರಿಸಿದ ಸಂಕಟ ಒಂದನೇ ತರಗತಿಯದು. ಟರ್ಕಿಶ್ ಹೊರತು ಬೇರೆ ಭಾಷೆಯನ್ನು ಮಾತೃಭಾಷೆಯಾಗಿ ಕಲಿಸಬಾರದೆನ್ನುವ ಸಂವಿಧಾನದ 42ನೇ ವಿಧಿ ಹಾಗೇ ಇದೆ.

ನಮ್ಮ 350ಎ ವಿಧಿ ಭಾಷಾ ಅಲ್ಪಸಂಖ್ಯಾತ ಮಕ್ಕಳಿಗೆ ಮಾತೃಭಾಷೆಯಲ್ಲೇ ಪ್ರಾಥಮಿಕ ಶಿಕ್ಷಣದ ಸೌಲಭ್ಯ ಒದಗಿಸಲು ರಾಜ್ಯಗಳಿಗೆ ಹೇಳುತ್ತದೆ. ಮುಂಬಯಿಯ ಕನ್ನಡ ಶಾಲೆಯಲ್ಲೂ ಹೀಗೊಂದು ವರ್ಷ ಕ್ಯಾಮೆರಾ ಇಡಬಹುದು. ಕೇಳಲು ನಮ್ಮ ಕೈಯಲ್ಲಿ ಈ ವಿಧಿಯಾದರೂ ಇದೆ.